ನಕಾಶೆಯ ಮೇಲೊಂದು ತುಪ್ಪದ ಕಲೆ

ನನಗೆ ದೇಶಗಳ ಹುಚ್ಚು. ಬೇರೆ ಹೆಂಗಸರಿಗೆ ಸೀರೆ, ಒಡವೆ. ನನಗೆ ಸಯಾಮು, ಪರ್ಷಿಯಾ, ಅಬಿಸೀನಿಯಾ. ಜಗಳೂರಿನಿಂದ ವರ್ಗವಾಗಿ ಚನ್ನಗಿರಿಯ ಹೆಣ್ಣುಮಕ್ಕಳ ಶಾಲೆಗೆ ಮೇಡಮ್ಮನಾಗಿ ಬಂದಾಗ, ಅಲ್ಲಿ ನೇತುಹಾಕಿದ್ದ ಪ್ರಪಂಚದ ನಕಾಶೆ ನೋಡಿ ಸಿಟ್ಟು ನೆತ್ತಿಗೇರಿತು. ಮೊದಲ ಮಹಾಯುದ್ಧಕ್ಕೂ ಮುಂಚಿನ ಸರಕು. ಪೋಲೆಂಡ್ ಅನ್ನುವ ದೇಶವೇ ಅದರಲ್ಲಿಲ್ಲ. ತುರ್ಕಿಯವರು ಅರಬ್ಬರ ನೆಲದ ಮೇಲೆಲ್ಲ ಕಾಲು ಚಾಚಿಕೊಂಡು ಮಲಗಿದ್ದರು. ಹೊಸದು ಕೊಡಿ ಎಂದು ಮೂರು ಅರ್ಜಿ ಬರೆದೆ, ಉತ್ತರವಿಲ್ಲ. ಹಾಳಾಗಿ ಹೋಗಲಿ ಎಂದು ಮೈದಾ ಗಂಜಿ ಕಾಯಿಸಿ, ಕಾಗದದ ಚೂರುಗಳಲ್ಲಿ ಹೆಸರು ಬರೆದು ನಾನೇ ಅಂಟಿಸುತ್ತ ಹೋದೆ. ಪರ್ಷಿಯಾ ಇರಾನ್ ಆಯಿತು, ಮೆಸಪೊಟೇಮಿಯಾ ಇರಾಕ್ ಆಯಿತು, ಸಯಾಮು ಥೈಲ್ಯಾಂಡ್ ಆಯಿತು. ಪೋಲೆಂಡಿನ ಚೂರು ಅಂಟಿಸಿ ಗಂಜಿ ಸರಿಯಾಗಿ ಒಣಗಿರಲಿಲ್ಲ, ಜರ್ಮನಿ ಒಂದು ಕಡೆಯಿಂದ ರಷ್ಯಾ ಇನ್ನೊಂದು ಕಡೆಯಿಂದ ಬಂದು ನುಂಗಿಬಿಟ್ಟವು. ನಾನು ಮಾತ್ರ ಆ ಚೂರು ಕೀಳಲಿಲ್ಲ. ಹಿಂದೊಮ್ಮೆ ನೂರು ವರ್ಷಕ್ಕೂ ಮೇಲೆ ನಕಾಶೆಯಲ್ಲಿ ಇಲ್ಲದೆ ಇದ್ದು ತಿರುಗಿ ಬಂದ ದೇಶ ಅದು. ಮತ್ತೆ ಬಂದೀತು ಎಂದುಕೊಂಡೆ.

ನನ್ನ ಬಾಡಿಗೆ ಮನೆಗೆ ಗೋಡೆ ಅಂಟಿಕೊಂಡಂತೆ ಒಂದು ದರ್ಜಿಯ ಮನೆ. ತಾಯಿ, ಒಬ್ಬನೇ ಮಗ. ಊರೆಲ್ಲ ಆಕೆಯನ್ನು ಬೂಬಮ್ಮ ಎನ್ನುತ್ತಿತ್ತು, ನಾನೂ ಹಾಗೇ ಕರೆಯುತ್ತಿದ್ದೆ. ಆಕೆಗೆ ನಾನು ಅಕ್ಕೋರು. ಯುದ್ಧ ಶುರುವಾದ ಮೇಲೆ ಮಗ ಪಲ್ಟನ್ನಿಗೆ ದರ್ಜಿಯಾಗಿ ಸೇರಿ ಹಡಗು ಹತ್ತಿದ. ನಮ್ಮ ಊರಿನ ಕನ್ನಡ ಶಾಲೆಯಲ್ಲಿ ಕಲಿತವನು, ಕಾಗದವನ್ನೂ ಕನ್ನಡದಲ್ಲೇ ಬರೆಯುತ್ತಿದ್ದ. ಓದಿ ಹೇಳುವುದು ನನ್ನ ಪಾಲಿಗೆ ಬಂತು. ಎಲ್ಲಿದ್ದೇನೆಂದು ಅವನು ಬರೆಯುವ ಹಾಗಿರಲಿಲ್ಲ. ಬರೆದರೆ ಮಿಲಿಟರಿಯವರು ಊರಿನ ಹೆಸರಿನ ಮೇಲೆ ಮಸಿ ಬಳಿದು ಕಳಿಸುತ್ತಿದ್ದರು.

“ಆರೋಗ್ಯವಾಗಿದ್ದೀನಿ ಅಂತ ಬರೆದಾನಂತೆ, ಸಂತೋಷ,” ಎನ್ನುತ್ತಿದ್ದಳು ಬೂಬಮ್ಮ. “ಎಲ್ಲಿ ಅದಾನೆ ಅಂತ ಹೇಳ್ರಿ ಅಕ್ಕೋರೆ. ಗೊತ್ತಾದ್ರೆ ಆ ಕಡೆ ಮುಖ ಮಾಡಿ ಒಂದು ದುವಾ ಕೇಳಾಕೆ ಬರ್ತೈತೆ. ಎಲ್ಲೂ ಇಲ್ದಂಗೆ ಇರೋನಿಗೆ ಹೆಂಗ್ರೀ ಕೇಳ್ಲಿ?”

ಪ್ರಪಂಚದ ರಾಜಧಾನಿಗಳೆಲ್ಲ ನನ್ನ ನಾಲಿಗೆ ತುದಿಯಲ್ಲಿದ್ದವು. ಈ ಒಂದು ಊರಿನ ಹೆಸರಿಗಾಗಿ ಕಾಗದವನ್ನು ಬೆಳಕಿಗೆ ಹಿಡಿದು ಮಸಿಯ ಕೆಳಗೆ ಇಣುಕುತ್ತಿದ್ದೆ.

ಹೀಗಿರುವಾಗ ಒಂದು ಕಾಗದ ಬಂತು. ‘ಇಲ್ಲಿ ಖರ್ಜೂರ ಬೇಕಾದಷ್ಟು. ಚಳಿಗಾಲದಲ್ಲಿ ಗುಡ್ಡದ ಮೇಲೆ ಹಿಮ ಬೀಳುತ್ತದೆ. ನಮಾಜಿಗೆ ನಾವು ದಕ್ಷಿಣಕ್ಕೆ ನಿಲ್ಲುತ್ತೇವೆ.’

ಬೂಬಮ್ಮನ ಕೈಯಲ್ಲಿದ್ದ ಅಂಗಿ ನೆಲಕ್ಕೆ ಬಿತ್ತು. “ತೆಂಕಲಿಗಾ? ಇನ್ನೊಂದು ಸಲ ಓದ್ರಿ.” ಓದಿದೆ. “ಯಾ ಅಲ್ಲಾ! ನಮ್ಮ ಮಾವ, ಅವರಪ್ಪ, ಅವರಜ್ಜ ಎಲ್ಲಾ ಪಡುವಲಿಗೆ ನಿಂತೋರು. ಮಸೀದಿ ಗೋಡೆ ಪಡುವಲಿಗೆ ಐತೆ. ಇವನಿಗೆ ಏನಾಗೈತೆ? ತಲೆಗೆ ಏಟು ಬಿದ್ದೈತೆ ಅಕ್ಕೋರೆ, ಇಲ್ಲಾ ಯಾರೋ ದಾರಿ ತಪ್ಸ್ಯಾರೆ.”

ನಾನಾದರೂ ಬುದ್ಧಿ ಹೇಳಬೇಕಿತ್ತಲ್ಲ? ಎಲ್ಲಿಯ ಬುದ್ಧಿ! ದಕ್ಷಿಣ ಅಂದಕೂಡಲೇ ನನಗೆ ಹೊಳೆದದ್ದು ಯಮನ ದಿಕ್ಕು ಅಂತ. ಭೂಗೋಳದ ಮೇಡಮ್ಮ ನಾನು, ಈಗ ನೆನೆದರೂ ನಾಚಿಕೆಯಾಗುತ್ತದೆ. ಎರಡು ದಿನ ಆಕೆ ಮಿಷನ್ ತುಳಿಯಲಿಲ್ಲ, ಸರಿಯಾಗಿ ಉಣ್ಣಲಿಲ್ಲ.

ಮೂರನೆಯ ದಿನ ತರಗತಿಯಲ್ಲಿ, ಮನಸ್ಸು ಎಲ್ಲೋ ಇಟ್ಟುಕೊಂಡು, “ಚನ್ನಗಿರಿ ಯಾವ ದಿಕ್ಕಿಗಿದೆ ಹೇಳ್ರೇ,” ಎಂದೆ. ಮುಂದೆ ಕೂತಿದ್ದ ಒಂದು ಚೋಟುದ್ದದ ಹುಡುಗಿ ಎದ್ದು ನಿಂತಳು. “ಯಾವ ಊರಿಂದ, ಅಕ್ಕೋರೆ?”

ಕೆನ್ನೆಗೆ ಫಟೀರನೆ ಕೊಟ್ಟಂತಾಯಿತು. ಮಧ್ಯಾಹ್ನದ ಗಂಟೆ ಹೊಡೆದದ್ದೇ ತಡ, ನಕಾಶೆ ಇಳಿಸಿ ಸುರುಳಿ ಸುತ್ತಿ ಹೆಗಲ ಮೇಲೆ ಹೊತ್ತು ಓಡಿದೆ. ಪೇಟೆಯ ಬೀದಿಯವರೆಲ್ಲ ನೋಡುತ್ತಿದ್ದರು. ನೋಡಿಕೊಳ್ಳಲಿ.

“ಬೂಬಮ್ಮ, ನಿಮ್ಮ ತವರು ಯಾವುದು?”

“ನ್ಯಾಮತಿ. ಯಾಕ್ರೀ?”

“ಅಲ್ಲಿಂದ ಚನ್ನಗಿರಿಗೆ ಬರುವಾಗ ಯಾವ ಕಡೆ ಮುಖ?”

“ಮೂಡಲಿಗೆ.”

“ನಾನು ಜಗಳೂರಿನಿಂದ ಬಂದದ್ದು ಪಡುವಲಿಗೆ. ದಾವಣಗೆರೆಯವರು ಬರುವುದು ತೆಂಕಲಿಗೆ. ಊರು ಒಂದೇ ತಾನೇ? ನಮಾಜಿಗೆ ನೀವು ಮುಖ ಮಾಡುವ ಮಕ್ಕಾನೂ ಹಾಗೇ. ನಮಗೆ ಪಡುವಲಿಗಿದೆ. ನಿಮ್ಮ ಮಗ ಅದರ ಬಡಗಲಿಗೆ ಹೋಗಿದ್ದಾನೆ, ಅದಕ್ಕೇ ತೆಂಕಲಿಗೆ ತಿರುಗುತ್ತಾನೆ. ಅವನಿಗೇನೂ ಆಗಿಲ್ಲ. ನಮಗೇ ತಲೆ ಇಲ್ಲ.”

ಆಕೆಯ ದಾರದುಂಡೆಯಿಂದ ಒಂದು ಎಳೆ ತೆಗೆದು, ಮಕ್ಕಾದ ಮೇಲೆ ಗುಂಡುಸೂಜಿ ಚುಚ್ಚಿ, ದಾರವನ್ನು ನೇರ ಮೇಲಕ್ಕೆ ಎಳೆದೆ. ಖರ್ಜೂರ ಬೇಕು, ಹಿಮವೂ ಬೇಕು. ದಾರ ಸಿರಿಯಾದ ಮೇಲೆ, ಇರಾಕಿನ ಬಡಗಣ ತುದಿಯ ಪಕ್ಕದಲ್ಲಿ ಹಾದುಹೋಯಿತು. “ಇಲ್ಲೇ ಎಲ್ಲೋ ಇದ್ದಾನೆ,” ಎಂದೆ. ಆಕೆ ಬೆರಳಿನಿಂದ ಆ ಜಾಗವನ್ನು ಸವರಿ ಸವರಿ ನೋಡಿದಳು. ಸುಮ್ಮನಿರಲಾರದೆ ನಾನು ಇತಿಹಾಸವನ್ನೂ ಶುರುಮಾಡಿದೆ. ಅಲ್ಲಿ ಡಮಾಸ್ಕಸ್ ಅಂತ ಬಲು ಹಳೆಯ ಪಟ್ಟಣ, ಅಲ್ಲಿಯ ಕತ್ತಿ ಜಗತ್ತಿಗೇ ಹೆಸರುವಾಸಿ, ಅದಕ್ಕೆ ನಮ್ಮ ದಕ್ಷಿಣ ದೇಶದ ಉಕ್ಕು ಹಡಗಿನಲ್ಲಿ ಹೋಗುತ್ತಿತ್ತು ಎಂದೆಲ್ಲ.

“ನಮ್ಮ ಕಡೆ ಉಕ್ಕು ಹೋದ ಜಾಗನಾ?” ಆಕೆಯ ಮುಖ ಅರಳಿತು. “ಹಂಗಾದ್ರೆ ನನ್ನ ಮಗ ಪರಸ್ಥಳದಾಗೆ ಇಲ್ಲ ಬಿಡ್ರಿ.” ಎದ್ದು ಹೋಗಿ ಎರಡು ದಿನದಿಂದ ಬಿದ್ದಿದ್ದ ಅಂಗಿಗಳನ್ನು ಹೊಲಿಯಲು ಕೂತಳು.

ಅಲ್ಲಿಂದ ಪ್ರತಿ ಭಾನುವಾರ ಶಾಲೆಯ ನಕಾಶೆ ಬೂಬಮ್ಮನ ಪಡಸಾಲೆಯಲ್ಲಿ. ಅಂಗಡಿಗೆ ರಂಗೂನ್ ಅಕ್ಕಿ ಬರುವುದು ಯಾಕೆ ನಿಂತಿತು ಎಂದು ಕೇಳಿದಳು. ಬರ್ಮಾ ತೋರಿಸಿ, ಜಪಾನಿನವರು ಅದನ್ನು ಹಿಡಿದುಕೊಂಡಿದ್ದಾರೆ, ಅಲ್ಲಿ ಘೋರ ಕಾಳಗ ಎಂದೆ. ಮಗ ಒಮ್ಮೆ ಬೆಳಗಿನ ಬಿಸಿಲು ಎಡಗೆನ್ನೆಗೆ ಬೀಳುವಂತೆ, ಆಗ್ನೇಯಕ್ಕೆ ನಿಲ್ಲುತ್ತೇವೆ ಎಂದು ಬರೆದ. ದಾರ ಇಟಲಿಗೆ ಹೋಯಿತು. ಇಟಲಿ ಬೂಟಿನ ಆಕಾರದ್ದು ಎಂದು ತೋರಿಸಿದೆ.

“ಅಯ್ಯೋ, ಬೂಟಿನ ಮೇಲೆ ನಿಂತು ನಮಾಜಾ?” ಎಂದು ಆಕೆ ನಕ್ಕದ್ದು ಆಚೆ ಬೀದಿಗೆ ಕೇಳಿಸಿರಬೇಕು.

ಆಮೇಲೆ ಏಳು ತಿಂಗಳು ಕಾಗದವೇ ಇಲ್ಲ. ಆ ತಿಂಗಳುಗಳು ಬೇಡಪ್ಪ ಬೇಡ. ಕೊನೆಗೊಂದು ಬೆಳಿಗ್ಗೆ ಪೋಸ್ಟಿನವನು ಕೊಟ್ಟ ಕಾಗದದಲ್ಲಿ ಇದ್ದದ್ದು ಎರಡೇ ಸಾಲು. ‘ಚೆನ್ನಾಗಿದ್ದೇನೆ. ಈಗ ಮತ್ತೆ ಪಶ್ಚಿಮಕ್ಕೆ ನಿಲ್ಲುತ್ತೇನೆ.’

“ಪಡುವಲಿಗೆ! ನಮ್ಮಂಗೇ! ಹಿಂದೂಸ್ತಾನಕ್ಕೆ ಬಂದಾನೆ ನನ್ನ ಬಂಗಾರ!” ರೇಷನ್ನಿನ ಕಾಲದಲ್ಲಿ ಅದೆಲ್ಲಿಂದ ತುಪ್ಪ ಹೊಂಚಿದಳೋ, ಬೆಲ್ಲದ ಸಜ್ಜಿಗೆ ಮಾಡಿ ನನ್ನ ಕೈಗೆ ಹಾಕಿದಳು. ಅವರ ಮನೆಯದನ್ನು ನಮ್ಮವರು ಮುಟ್ಟದ ಕಾಲ. ನಾನು ತಿಂದೆ. ನಾನು ತಿನ್ನುತ್ತಿರುವಾಗಲೇ ಆಕೆ, ಶಾಲೆಯಿಂದ ನಾನು ತಂದಿದ್ದ ನಕಾಶೆ ಬಿಡಿಸಿ ಮಕ್ಕಾದಿಂದ ದಾರವನ್ನು ಮೂಡಣಕ್ಕೆ ಎಳೆದಳು. ದಾರ ಅರಬ್ಬೀ ಸಮುದ್ರ ದಾಟಿತು, ನಮ್ಮ ದೇಶ ದಾಟಿತು, ಮುಂದೆ ಹೋಗಿ ಬರ್ಮಾಕ್ಕೆ ಮುಟ್ಟಿತು.

ಬರ್ಮಾದಲ್ಲಿರುವವನೂ ಪಶ್ಚಿಮಕ್ಕೇ ನಿಲ್ಲಬೇಕು. ಏನು ಮಾಡುತ್ತಿದ್ದೇನೆಂದು ತಿಳಿಯುವ ಮೊದಲೇ ನನ್ನ ಅಂಗೈ ಬರ್ಮಾದ ಮೇಲೆ ಕೂತಿತ್ತು. “ಹೌದು ಬೂಬಮ್ಮ, ಇಲ್ಲೇ ಎಲ್ಲೋ ಬಂದಿದ್ದಾನೆ,” ಎಂದು ಇನ್ನೊಂದು ಕೈಯಿಂದ ಬೊಂಬಾಯಿ ತೋರಿಸಿದೆ. ಮಕ್ಕಳಿಗೆ ಒಂದು ತಪ್ಪು ರಾಜಧಾನಿ ಹೇಳಿದವಳಲ್ಲ ನಾನು. ಆ ಸುಳ್ಳನ್ನು ಎರಡು ತಿಂಗಳು ಹೊಟ್ಟೆಯಲ್ಲಿಟ್ಟುಕೊಂಡು ಒದ್ದಾಡಿದೆ.

ಎರಡು ತಿಂಗಳ ಮೇಲೆ, ಇದ್ದಿಲು ಗ್ಯಾಸಿನ ಬಸ್ಸು ಕೆಮ್ಮುತ್ತ ಬಂದು ನಿಂತಾಗ ಅವನು ಇಳಿದ. ಸ್ವಲ್ಪ ಕುಂಟುತ್ತಿದ್ದ, ಅಷ್ಟೇ. ಇಷ್ಟು ದಿನವೂ ಪುಣೆಯ ಕಡೆ ದಂಡಿನ ಆಸ್ಪತ್ರೆಯಲ್ಲಿ ಮಲಗಿದ್ದನಂತೆ. ಅವತ್ತೇ ಸಂಜೆ ನಾನು ಬೂಬಮ್ಮನ ಮುಂದೆ ಕೂತು ಎಲ್ಲ ಹೇಳಿಕೊಂಡೆ. ಬರ್ಮಾವನ್ನು ನಿಮ್ಮಿಂದ ಮುಚ್ಚಿಟ್ಟೆ, ತಪ್ಪಾಯಿತು ಎಂದೆ.

ಆಕೆ ಸೂಜಿಗೆ ದಾರ ಪೋಣಿಸುತ್ತಿದ್ದವಳು ತಲೆ ಎತ್ತಲಿಲ್ಲ. “ಗೊತ್ತಿತ್ತು ಬಿಡ್ರಿ. ನೀವು ಕೈ ತೆಗೆದ ಮ್ಯಾಲೆ ರಂಗೂನ್ ಅಕ್ಕಿ ಊರಿನ ಮ್ಯಾಲೆ ಅಂಗೈ ಅಗಲ ತುಪ್ಪದ ಕಲೆ ಇತ್ತು.”

“ಮತ್ತೆ ಯಾಕೆ ಸುಮ್ಮನಿದ್ದಿರಿ?”

“ಅಷ್ಟು ಪ್ರೀತಿಯಿಂದ ಮುಚ್ಚಿದ ಕೈನ ನಾನೆಂಗೆ ಎತ್ಸಲಿ? ಎರಡು ತಿಂಗಳೂ ಪಡುವಲಿಗೆ ನಮಾಜು ಮುಗಿಸ್ತಿದ್ದೆ. ಆಮ್ಯಾಕೆ ಮೂಡಲಿಗೆ ತಿರುಗಿ ಅವನಿಗೊಂದು ದುವಾ ಕೇಳ್ತಿದ್ದೆ. ಬಾಗ್ಲು ಹಾಕ್ಕಂಡು ಕೇಳ್ತಿದ್ದೆ, ನೀವು ನೋಡಿದ್ರೆ ನೊಂದ್ಕಂತೀರಿ ಅಂತ.”

ಒಳಗೆ ಮಗ ಮಿಷನ್ ತುಳಿಯಲು ಶುರುಮಾಡಿದ. ನಾನು ಆಕೆಯ ಮಡಿಲಲ್ಲಿ ಮುಖವಿಟ್ಟು ಗೊಳೋ ಎಂದು ಅತ್ತೆ.