ಫ್ಯಾನಣ್ಣ ಕಂಡ ಸುಂಟರಗಾಳಿ

ಸಿನಿಮಾ ಸ್ಟುಡಿಯೋದಲ್ಲಿ ಅವನನ್ನು ಎಲ್ಲರೂ ಫ್ಯಾನಣ್ಣ ಎನ್ನುತ್ತಿದ್ದರು. ನಾಯಕಿಯ ಮುಂಗುರುಳು ಹಾರಿಸುವುದರಿಂದ ಹಿಡಿದು ಊರಿಗೆ ಊರೇ ಕಿತ್ತುಹೋಗುವ ಬಿರುಗಾಳಿಯ ತನಕ ಎಲ್ಲವೂ ಅವನ ಆಳೆತ್ತರದ ಫ್ಯಾನಿನ ಕರಾಮತ್ತು. "ಗಾಳಿ ನನ್ನ ಮಾತು ಕೇಳುತ್ತೆ" ಎಂದು ಜಂಬ ಕೊಚ್ಚಿದರೆ, ಹೊಲಿಗೆ ಅಂಗಡಿ ನಡೆಸುವ ಅವನ ಅಕ್ಕ, "ಬಿಸಿ ಚಹಾ ಊದಿಕೊಂಡು ಕುಡಿಯೋಕೆ ಮಾತ್ರ ಬರಲ್ಲ, ದಿನಾ ನಾಲಿಗೆ ಸುಟ್ಕೋತೀಯ" ಎಂದು ಕಾಲೆಳೆಯುತ್ತಿದ್ದಳು.

ಒಮ್ಮೆ ಸ್ಟುಡಿಯೋದವರು ಸುಂಟರಗಾಳಿಯ ಸಿನಿಮಾ ಒಪ್ಪಿಕೊಂಡರು. ಅದರಲ್ಲೊಂದು ದೃಶ್ಯ: ನಾಯಕನ ಸಂಸಾರ ಕಾರು ಬಿಟ್ಟು ಓಡಿ, ಮೇಲ್ಸೇತುವೆಯ ಕೆಳಗೆ ಕಂಬ ತಬ್ಬಿ ಕೂರುತ್ತದೆ. ಸುಂಟರಗಾಳಿ ಹಾದುಹೋದರೂ ಯಾರ ಕೂದಲೂ ಕೊಂಕುವುದಿಲ್ಲ. ಸಲಹೆಗೆಂದು ಕರೆಸಿದ್ದ ಹವಾಮಾನ ವಿಜ್ಞಾನಿ ಮೇಡಂ ತಲೆ ಚಚ್ಚಿಕೊಂಡರು.

"ಸರ್, ಸೇತುವೆ ಕೆಳಗೆ ಜಾಗ ಇಕ್ಕಟ್ಟು. ಅಲ್ಲಿ ನುಗ್ಗೋ ಗಾಳಿ ಇನ್ನೂ ಜೋರಾಗುತ್ತೆ. ತಗಡು, ಗಾಜು, ಕಲ್ಲು ಎಲ್ಲ ಬಂದೂಕಿನ ಗುಂಡಿನ ಹಾಗೆ ಬಡಿಯುತ್ತೆ. ಜನ ಸಾಯೋದು ಹೆಚ್ಚಾಗಿ ಹಾರಿ ಬಂದದ್ದು ಬಡಿದೇ."

ನಿರ್ದೇಶಕರು ನಕ್ಕರು. "ಮತ್ತೆ ನಾಯಕನನ್ನ ಎಲ್ಲಿ ಬಚ್ಚಿಡೋಣ?"

"ನೆಲಮಹಡಿಯಲ್ಲಿ, ಕಿಟಕಿ ಇಲ್ಲದ ಚಿಕ್ಕ ಕೋಣೇಲಿ. ಟಾಯ್ಲೆಟ್ ಆದ್ರೂ ಸರಿ."

"ಟಾಯ್ಲೆಟ್‌ನಲ್ಲಿ ಕೂತ ನಾಯಕನಿಗೆ ಯಾರು ಮೇಡಂ ಟಿಕೆಟ್ ತಗೋತಾರೆ?"

ಚಹಾ ಹೊತ್ತಿನಲ್ಲಿ, ಸುಂಟರಗಾಳಿ ಹುಟ್ಟುವುದಾದರೂ ಹೇಗೆಂದು ಫ್ಯಾನಣ್ಣ ಕೇಳಿದ. ಮೇಡಂ ಪೆನ್ನನ್ನು ಎರಡು ಅಂಗೈ ನಡುವೆ ಉರುಳಿಸಿ ತೋರಿಸಿದರು. ನೆಲದ ಹತ್ತಿರ ಗಾಳಿ ನಿಧಾನ, ಮೇಲೆ ಜೋರು. ನಡುವಿನ ಗಾಳಿ ಲಟ್ಟಣಿಗೆಯಂತೆ ಉರುಳತೊಡಗುತ್ತದೆ. ಮೇಲೇಳುವ ಬಿಸಿ ಗಾಳಿ ಆ ಲಟ್ಟಣಿಗೆಯನ್ನು ಎತ್ತಿ ನೆಟ್ಟಗೆ ನಿಲ್ಲಿಸಿಬಿಡುತ್ತದೆ. "ಕೆಲವು ಮಾತ್ರ ನೆಲ ಮುಟ್ಟುತ್ವೆ. ಯಾಕೆ ಅಂತ ನಮಗೂ ಪೂರ್ತಿ ಗೊತ್ತಿಲ್ಲ. ಆದರೆ ಅದು ನಿಂತಲ್ಲೇ ನಿಂತ ಹಾಗೆ ಕಂಡು, ದಪ್ಪ ಆಗ್ತಾ ಇದ್ರೆ, ನಿಮ್ಮ ಕಡೆಗೇ ಬರ್ತಿದೆ ಅಂತ ಅರ್ಥ."

ದೃಶ್ಯ ಬದಲಾಗಲಿಲ್ಲ. ಸಿನಿಮಾ ಚೆನ್ನಾಗಿಯೇ ಓಡಿತು.

ಮರುವರ್ಷ ಸೆಕೆ ಕುದಿಯುತ್ತಿದ್ದ ಒಂದು ಮಧ್ಯಾಹ್ನ, ಅಕ್ಕನ ಅಂಗಡಿಗೆ ಬಟ್ಟೆಯ ಥಾನು ತುಂಬಿಕೊಂಡು ಇಬ್ಬರೂ ವ್ಯಾನಿನಲ್ಲಿ ಬರುತ್ತಿದ್ದರು. ಆಕಾಶ ಪೆಟ್ಟು ತಿಂದ ಚರ್ಮದ ಬಣ್ಣಕ್ಕೆ ತಿರುಗಿತ್ತು. ದೂರದಲ್ಲಿ ಮೋಡದಿಂದ ನೆಲಕ್ಕೆ ಕಂದು ಕಂಬವೊಂದು ಇಳಿದಿತ್ತು.

"ಸದ್ಯ, ಅದು ನಿಂತಿದೆ ಕಣೋ. ಎಲ್ಲೂ ಹೋಗ್ತಿಲ್ಲ," ಎಂದಳು ಅಕ್ಕ.

ಅವನು ಸ್ಟೀರಿಂಗ್ ಮೇಲೆ ಬಾಗಿ ನೋಡಿದ. ಕಂಬ ಅತ್ತಿತ್ತ ಸರಿಯುತ್ತಿರಲಿಲ್ಲ. ದಪ್ಪವಾಗುತ್ತಿತ್ತು.

ಮುಂದೆ ಮೇಲ್ಸೇತುವೆ. ಜನ ಗಾಡಿ ಬಿಟ್ಟು ಅದರಡಿಗೆ ಓಡುತ್ತಿದ್ದರು. ಅಕ್ಕ ಬಾಗಿಲಿಗೆ ಕೈ ಹಾಕಿದಳು. "ನಿಲ್ಸೋ! ನಿನ್ನ ಸಿನಿಮಾದಲ್ಲಿ ಇಲ್ಲೇ ತಾನೆ ಎಲ್ಲರೂ ಉಳ್ಕೊಂಡಿದ್ದು?"

"ಅಕ್ಕಾ, ಅದು ನಾನು ಬಿಟ್ಟ ಗಾಳಿ! ಅಲ್ಲಿ ಹಾರಿದ್ದು ಥರ್ಮಕೋಲು!"

ಕಿಟಕಿಯಿಂದ ತಲೆ ಹೊರಹಾಕಿ, ಬೇಡ, ಮುಂದಿರೋ ಪೆಟ್ರೋಲ್ ಬಂಕಿನ ಕಡೆ ಬನ್ನಿ ಎಂದು ಗಂಟಲು ಹರಿಯುವಂತೆ ಕೂಗಿದ. ಸೇತುವೆಯ ಕಂಬ ತಬ್ಬಿದ್ದ ಲಾರಿ ಡ್ರೈವರ್, "ನೀನು ಸಿನಿಮಾ ನೋಡಿಲ್ವೇನಯ್ಯ?" ಎಂದು ರೇಗಿದ. ಮಗು ಎತ್ತಿಕೊಂಡ ಒಬ್ಬ ತಾಯಿ ಮಾತ್ರ ವ್ಯಾನು ಹತ್ತಿದಳು.

ಪೆಟ್ರೋಲ್ ಬಂಕಿನ ಹಿಂಬದಿ ಕಾಂಕ್ರೀಟಿನ ಶೌಚಾಲಯವಿತ್ತು. ಅದರೊಳಗೆ ಆಗಲೇ ಬಂಕಿನ ಕೆಲಸಗಾರರು ಬೆವರಿ ನಿಂತಿದ್ದರು. ಒಬ್ಬ, "ಬಾಗಿಲು ತೆಗೀರಿ, ಇಲ್ಲಾಂದ್ರೆ ಒತ್ತಡಕ್ಕೆ ಕಟ್ಟಡ ಸಿಡಿಯುತ್ತೆ" ಎಂದು ಚಿಲಕ ಎಳೆಯಹೋದ. ಫ್ಯಾನಣ್ಣ ಬಾಗಿಲಿಗೆ ಬೆನ್ನು ಕೊಟ್ಟು ಕುಸಿದು ಕೂತ. ಒಳನುಗ್ಗಿದ ಗಾಳಿ ಸೂರನ್ನು ಎತ್ತುತ್ತದೆ ಎಂದು ಹೇಳಬೇಕೆಂದುಕೊಂಡ. ಅದರ ಬದಲು ಎರಡೂ ಕಾಲನ್ನು ನೆಲಕ್ಕೆ ಊರಿ ಬಾಗಿಲನ್ನು ಒತ್ತಿ ಹಿಡಿದ.

ಕಿವಿ ಗಪ್ಪನೆ ಮುಚ್ಚಿಕೊಂಡಿತು. ಸಿನಿಮಾದಲ್ಲಿ ಸುಂಟರಗಾಳಿಗೆ ಹುಲಿಯ ಗರ್ಜನೆ ಕೊಟ್ಟಿದ್ದರು. ಇಲ್ಲಿ ಕೇಳಿದ್ದು ಮುಗಿಯದ ರೈಲಿನ ಸದ್ದು, ಅದರೊಳಗೆ ತಗಡು ಹರಿಯುವ ಸದ್ದು. ಬಾಗಿಲು ಬೆನ್ನಿಗೆ ಬಡಬಡ ಗುದ್ದಿತು. ಈ ಗಾಳಿಗೆ ಸ್ವಿಚ್ಚಿಲ್ಲ, ಆರಿಸುವವರಿಲ್ಲ. ಪ್ಯಾಂಟು ಒದ್ದೆಯಾದದ್ದು ಅವನಿಗೆ ಗೊತ್ತಾಗಲೇ ಇಲ್ಲ. ಅಕ್ಕ ಅವನ ತಲೆಯನ್ನು ಎದೆಗೆ ಒತ್ತಿಕೊಂಡು, "ಇದ್ದೀನಿ ಕಣೋ, ಇದ್ದೀನಿ" ಎನ್ನುತ್ತಲೇ ಇದ್ದಳು.

ಹೊರಬಂದಾಗ ಬಂಕಿನ ಚಾವಣಿ ಇರಲಿಲ್ಲ. ವ್ಯಾನು ಗದ್ದೆಯಲ್ಲಿ ಮಗುಚಿತ್ತು. ಸೇತುವೆ ಅಲುಗದೆ ನಿಂತಿತ್ತು, ಅದರಡಿಯ ಜನ ಮಾತ್ರ ಚೆಲ್ಲಾಪಿಲ್ಲಿ. ಇಬ್ಬರು ಉಳಿಯಲಿಲ್ಲ. ಲಾರಿ ಡ್ರೈವರಿನ ಬೆನ್ನ ತುಂಬ ಗಾಜು ನಾಟಿತ್ತು. ಫ್ಯಾನಣ್ಣ ಅಂಗಿ ಬಿಚ್ಚಿ ಅವನ ಗಾಯಕ್ಕೆ ಒತ್ತಿ ಹಿಡಿದು, ಆಂಬುಲೆನ್ಸ್ ಬರುವ ತನಕ ಬಿಡಲಿಲ್ಲ. ಡ್ರೈವರ್ ಬದುಕಿದ.

ಸ್ಟುಡಿಯೋಗೆ ಮರಳಿದ ದಿನ ಸ್ವಿಚ್ ಒತ್ತಿ ರೆಕ್ಕೆ ತಿರುಗಿದ್ದೇ ತಡ, ಅವನು ಅದನ್ನು ಆರಿಸಿ ಹೊರಗೆ ನಡೆದುಬಿಟ್ಟ. ಬಡಗಿ ವಿಭಾಗಕ್ಕೆ ಹಾಕಿಸಿಕೊಂಡ. ಈಗ ಅವನ ಕೆಲಸ ಸೆಟ್ಟಿನ ಬಾಗಿಲು ಕೂರಿಸುವುದು. ಮನೆಯಲ್ಲಿದ್ದಾಗ ಗಾಳಿ ಸ್ವಲ್ಪ ಜೋರಾದರೂ ಬಚ್ಚಲಿಗೆ ಹೋಗಿ ನೆಲದ ಮೇಲೆ ಕೂತುಬಿಡುತ್ತಾನೆ. ಅಕ್ಕ ಹೊಲಿಗೆ ಹಿಡಿದುಕೊಂಡೇ ಹಿಂದೆ ಬರುತ್ತಾಳೆ. "ಸ್ವಲ್ಪ ಸರ್ಕೋ," ಎಂದು ಪಕ್ಕದಲ್ಲಿ ಕೂತು ಗುಂಡಿ ಹಾಕುತ್ತಾಳೆ.