ಸುಧೀರನ ಮಗ್ಗುಲು ಬದಲಿಸಿದವರು

ಕೋವಿಡ್ ನಿರ್ಬಂಧಗಳೆಲ್ಲ ತೆರವಾಗಿ ಕುವೈತಿನ ಆಸ್ಪತ್ರೆಗಳಲ್ಲಿ ಮತ್ತೆ ಸಂದರ್ಶಕರ ಓಡಾಟ ಶುರುವಾಗಿದ್ದ ವರ್ಷ ಅದು. ನಾನು ಆಗ ಅಲ್ಲಿನ ಒಂದು ಖಾಸಗಿ ಆಸ್ಪತ್ರೆಯಲ್ಲಿ ಹಿರಿಯ ಫಿಸಿಯೋಥೆರಪಿಸ್ಟ್ ಆಗಿದ್ದೆ. ನನ್ನ ಊರು ಕಾರ್ಕಳದ ಹತ್ತಿರ, ಮನೆಮಾತು ಕೊಂಕಣಿ. ಮದುವೆಯಾದ ಮರುವರ್ಷ ಕುವೈತಿಗೆ ಹೋದವಳು ಕೆಲಸ ಬಿಡುವ ತನಕ ಅಲ್ಲೇ ಇದ್ದೆ. ಬೆನ್ನುಹುರಿಗೆ ಪೆಟ್ಟಾದವರನ್ನು ನೋಡಿಕೊಳ್ಳುವುದು ನನ್ನ ವಿಭಾಗದ ಮುಖ್ಯ ಕೆಲಸ. ಶುವೈಖಿನ ಗ್ಯಾರೇಜುಗಳಲ್ಲಿ ಜಾಕ್ ಜಾರಿ ಗಾಡಿಯಡಿ ಸಿಕ್ಕವರು, ಕಟ್ಟಡದ ಮೇಲಿಂದ ಬಿದ್ದವರು, ಹೆದ್ದಾರಿಯಲ್ಲಿ ಕಾರು ಪಲ್ಟಿಯಾದವರು ನಮ್ಮಲ್ಲಿಗೆ ಬರುತ್ತಿದ್ದರು. ಕುಣಿಯುತ್ತಾ ಬಿದ್ದು ಬಂದವನು ಸುಧೀರ ಒಬ್ಬನೇ.

ಆದರೆ ಅವನ ಕೇಸ್ ಶೀಟಿನಲ್ಲಿ ಹಾಗೆ ಬರೆದಿರಲಿಲ್ಲ. ಬಾತ್‌ರೂಮಿನಲ್ಲಿ ಜಾರಿ ಬಿದ್ದದ್ದು ಎಂದಿತ್ತು. ವಯಸ್ಸು ಇಪ್ಪತ್ತೇಳು, ಹೋಟೆಲೊಂದರ ಬ್ಯಾಂಕ್ವೆಟ್ ಹಾಲಿನಲ್ಲಿ ಬಡಿಸುವ ಕೆಲಸ, ಊರು ಮೂಲ್ಕಿ ಕಡೆ. ಕತ್ತಿನ ಐದನೇ ಮತ್ತು ಆರನೇ ಮೂಳೆಗಳ ನಡುವೆ ಮುರಿದು ಸರಿದಿತ್ತು. ಸರ್ಜನ್ ಪ್ಲೇಟ್ ಹಾಕಿ ಮೂಳೆಯನ್ನು ನೆಟ್ಟಗೆ ಮಾಡಿದ್ದರು. ಮೂಳೆ ಕೂಡುತ್ತದೆ, ಒಳಗಿನ ಹುರಿ ಕೂಡುವುದಿಲ್ಲ. ಅವನಿಗೆ ಭುಜ ಆಡುತ್ತಿತ್ತು, ಮೊಣಕೈ ಮಡಚಲು ಬರುತ್ತಿತ್ತು, ಮಣಿಕಟ್ಟನ್ನು ಹಿಂದಕ್ಕೆ ಎತ್ತಲು ಬರುತ್ತಿತ್ತು. ಬೆರಳುಗಳು ಆಡುತ್ತಿರಲಿಲ್ಲ, ಎದೆಯಿಂದ ಕೆಳಗೆ ಏನೂ ಇಲ್ಲ.

ಮೊದಲ ದಿನ ನಾನು ತುಳುವಿನಲ್ಲಿ ಮಾತಾಡಿಸಿದಾಗ ಅವನ ಕಣ್ಣು ತುಂಬಿತು. ಆಮೇಲೆ ತುಳು ಕನ್ನಡ ಎರಡೂ ಬೆರೆಸಿ ಮಾತು ನಡೆಯುತ್ತಿತ್ತು. ಕೆಲವು ದಿನ ಕಳೆದ ಮೇಲೆ, ಅವನ ತೋಳನ್ನು ಮೇಲೆತ್ತಿ ಹಿಡಿದು ವ್ಯಾಯಾಮ ಮಾಡಿಸುತ್ತಿದ್ದಾಗ ಅವನೇ ಹೇಳಿದ.

“ಅಕ್ಕ, ನಾನು ಬಾತ್‌ರೂಮಲ್ಲಿ ಬಿದ್ದದ್ದಲ್ಲ.”

“ಗೊತ್ತುಂಟು.”

“ಹೇಗೆ?”

“ಬಾತ್‌ರೂಮಿಗೆ ಯಾರೂ ಕಿವಿಯ ಹಿಂದೆ ಮಿಂಚುಪುಡಿ ಹಚ್ಕೊಂಡು ಹೋಗುದಿಲ್ಲ ಮಾರಾಯ.”

ಅವನು ನಕ್ಕ. ಅವನು ನಕ್ಕದ್ದನ್ನು ನಾನು ನೋಡಿದ್ದು ಅದೇ ಮೊದಲು.

ಅಷ್ಟರಲ್ಲಿ ಟೆಸ್ ಅವರ ಪರಿಚಯ ನನಗೆ ಆಗಿತ್ತು. ಫಿಲಿಪೀನ್ಸಿನವರು, ಐವತ್ತರ ಆಸುಪಾಸು, ಒಂದು ಸಲೂನಿನಲ್ಲಿ ಕೂದಲು ಕತ್ತರಿಸುವ ಕೆಲಸ. ಪಾಸ್‌ಪೋರ್ಟಿನಲ್ಲಿ ಗಂಡು ಹೆಸರು, ಬದುಕಿದ್ದು ಹೆಣ್ಣಾಗಿ. ಆಸ್ಪತ್ರೆಗೆ ಬರುವಾಗ ಮಾತ್ರ ಕೂದಲನ್ನು ಟೋಪಿಯೊಳಗೆ ಸೇರಿಸಿ, ದೊಗಳೆ ಶರ್ಟು ಹಾಕಿಕೊಂಡು ಬರುತ್ತಿದ್ದರು. ಕನ್ನಡದ ‘ಅವರು’ ಎಂಬ ಮಾತು ಗಂಡು ಹೆಣ್ಣು ಎಂದು ಬೇರೆ ಮಾಡುವುದಿಲ್ಲ, ಬರೆಯುವಾಗ ನನಗೆ ಅದೊಂದು ಅನುಕೂಲ. ವಾರ್ಡಿನ ಬಾಗಿಲಲ್ಲಿ ಸೆಕ್ಯೂರಿಟಿಯವನು ಅವರನ್ನು ತಡೆದು, ರೋಗಿಗೆ ನೀವು ಏನಾಗಬೇಕು ಎಂದು ಕೇಳಿದ್ದ. “ಮದರ್” ಎಂದಿದ್ದರು ಟೆಸ್. ಅವನು ನಕ್ಕು, ಖಲಾಸ್, ಸಾಕು, ಹೋಗು ಎಂದು ಕೈ ಬೀಸಿದ. ನಾನು ಅದೇ ದಾರಿಯಲ್ಲಿ ಹೋಗುತ್ತಿದ್ದೆ. ರೋಗಿಯನ್ನು ನೋಡಿಕೊಳ್ಳುವ ತರಬೇತಿಗೆ ನಾನೇ ಕರೆಸಿದ್ದೇನೆ ಎಂದು ಹೇಳಿ ಒಳಗೆ ಕರೆದುಕೊಂಡು ಬಂದೆ. ಅದು ಪೂರ್ತಿ ಸುಳ್ಳೇನೂ ಅಲ್ಲ. ಇಂಥ ರೋಗಿಯನ್ನು ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸದಿದ್ದರೆ ಚರ್ಮ ಕೊಳೆಯುತ್ತದೆ. ಅದನ್ನು ಕಲಿಯಲು ಯಾರಾದರೂ ಬೇಕಿತ್ತು, ಬೇರೆ ಯಾರೂ ಬಂದಿರಲಿಲ್ಲ.

ಸುಧೀರ ಹೇಳಿದ ಕತೆ ಇದು. ನ್ಯೂಯಾರ್ಕಿನಲ್ಲಿ ಹಿಂದೆ, ಮನೆಯಿಂದ ಹೊರಹಾಕಿಸಿಕೊಂಡ ಕಪ್ಪು ಜನಾಂಗದ, ಲ್ಯಾಟಿನ್ ಅಮೆರಿಕ ಮೂಲದ ಸಲಿಂಗಿಗಳು ಮತ್ತು ಟ್ರಾನ್ಸ್‌ಜೆಂಡರ್ ಮಂದಿ ಸೇರಿ ತಮ್ಮದೇ ಕೂಟಗಳನ್ನು ಮಾಡಿಕೊಂಡರು. ಅದನ್ನು ಬಾಲ್ ಎನ್ನುತ್ತಾರೆ. ಅಲ್ಲಿ ಉಡುಪಿಗೆ, ನಡಿಗೆಗೆ, ಕುಣಿತಕ್ಕೆ ಬೇರೆ ಬೇರೆ ಸ್ಪರ್ಧೆ. ಒಂದೊಂದು ಗುಂಪಿಗೆ ‘ಹೌಸ್’ ಎಂದು ಹೆಸರು, ಹೌಸಿಗೆ ಒಬ್ಬ ತಾಯಿ. ಹೆತ್ತವರು ಬಿಟ್ಟ ಮಕ್ಕಳಿಗೆ ಊಟ ಹಾಕಿ, ಮಲಗಲು ಜಾಗ ಕೊಟ್ಟು, ಕುಣಿತ ಕಲಿಸುವವರು ಅವರೇ. ಆ ಕುಣಿತ ವೋಗಿಂಗ್. ಫ್ಯಾಷನ್ ಪತ್ರಿಕೆಯ ರೂಪದರ್ಶಿಗಳ ಭಂಗಿಗಳನ್ನು ಒಂದರಿಂದ ಇನ್ನೊಂದಕ್ಕೆ ಪೋಣಿಸಿದ ಹಾಗೆ ಅದು ಶುರುವಾದದ್ದಂತೆ. ಕೈಗಳ ಆಟ, ಕುಕ್ಕರುಗಾಲಿನ ನಡಿಗೆ, ತಿರುಗು, ಕೊನೆಗೆ ಒಮ್ಮೆಲೇ ಬೆನ್ನ ಮೇಲೆ ನೆಲಕ್ಕೆ ಇಳಿಯುವ ‘ಡಿಪ್’.

ಟೆಸ್ ತಾಯಿಯಾಗಿದ್ದ ಹೌಸಿನ ಹೆಸರು ಸದಫ್. ಅರಬ್ಬಿಯಲ್ಲಿ ಮುತ್ತಿನ ಚಿಪ್ಪು. ಟೆಸ್ ಸೇರಿ ಮೂವರು ಫಿಲಿಪಿನೊಗಳು, ಒಬ್ಬ ಶ್ರೀಲಂಕಾದವನು, ಒಬ್ಬಳು ಇಥಿಯೋಪಿಯದವಳು, ಮತ್ತೆ ನಮ್ಮ ಸುಧೀರ. ಊರಲ್ಲಿ ನವರಾತ್ರಿಗೆ ಹುಲಿವೇಷ ಕುಣಿದವನು ಅವನು.

“ಹುಲಿ ಕುಣಿವಾಗ ಊರಿಡೀ ನೋಡ್ಲಿಕ್ಕೆ ಬರ್ತಿತ್ತು ಅಕ್ಕ. ಅದೇ ಮೈ, ಅದೇ ಸೊಂಟ. ಇಲ್ಲಿ ಮಾತ್ರ ಕಿಟಕಿಗೆ ಕಂಬಳಿ ಕಟ್ಟಿ ಕುಣಿಬೇಕು.”

ಖೈತಾನಿನಲ್ಲಿ ಟೆಸ್ ಇದ್ದ ಬಾಡಿಗೆ ಮನೆಯ ಹಾಲಿನಲ್ಲಿ, ಶುಕ್ರವಾರ ರಜೆಯ ಮಧ್ಯಾಹ್ನ ಅವರ ಬಾಲ್ ನಡೆಯುತ್ತಿತ್ತು. ಪಕ್ಕದ ಮನೆಗೆ ಕೇಳದ ಹಾಗೆ ಹಾಡಿನ ಸದ್ದು ತಗ್ಗಿಸಿ, ಕೈ ತಟ್ಟುವ ಬದಲು ಬೆರಳು ಚಿಟಿಕೆ ಹಾಕುತ್ತಿದ್ದರು. ಸಿಕ್ಕಿಬಿದ್ದರೆ ಕೆಲಸ ಹೋಗುತ್ತದೆ, ಊರಿಗೆ ಕಳಿಸಿಬಿಡುತ್ತಾರೆ ಎಂಬ ಭಯ ಎಲ್ಲರಿಗೂ ಇತ್ತು. ಆ ಶುಕ್ರವಾರ ಸುಧೀರ ತಿರುಗಿ ಡಿಪ್‌ಗೆ ಇಳಿಯುವ ಗಳಿಗೆಯಲ್ಲಿ ಯಾರೋ ಬಾಗಿಲು ಬಡಿದರು. ಹಾಡು ತಟ್ಟನೆ ನಿಂತಿತು. ಇಳಿಯುತ್ತಿದ್ದವನು ಹೆದರಿ ಬಾಗಿಲ ಕಡೆ ಕತ್ತು ತಿರುಗಿಸಿದ. ಬೆನ್ನು ಊರಬೇಕಾದಲ್ಲಿ ತಲೆ ಊರಿತು.

ಬಾಗಿಲಲ್ಲಿ ಇದ್ದವನು ಬಿರಿಯಾನಿ ತಂದಿದ್ದ ಡೆಲಿವರಿಯವನು. ಇವರೇ ತರಿಸಿದ್ದು.

ಆಂಬುಲೆನ್ಸ್ ಕರೆದರೆ ಜೊತೆಗೆ ಪೊಲೀಸರೂ ಬರುತ್ತಾರೆ ಎಂದು ಹೆದರಿ, ಮುಖದ ಬಣ್ಣ ಒರೆಸಿ, ಬೇರೆ ಬಟ್ಟೆ ತೊಡಿಸಿ, ಕೈಕಾಲು ಹಿಡಿದು ಮೆಟ್ಟಿಲು ಇಳಿಸಿ, ಕಾರಿನ ಹಿಂದಿನ ಸೀಟಿನಲ್ಲಿ ಮಲಗಿಸಿ ತಂದಿದ್ದರು. ಕತ್ತಿಗೆ ಪೆಟ್ಟಾದವರನ್ನು ಅಲುಗಾಡಿಸಬಾರದು ಎನ್ನುವುದು ನಮ್ಮ ಕೆಲಸದ ಮೊದಲ ಪಾಠ. ಸುಧೀರ ಇದನ್ನು ಹೇಳುವಾಗ ನಾನು ಅವನ ಮಣಿಕಟ್ಟನ್ನು ಹಿಂದಕ್ಕೂ ಮುಂದಕ್ಕೂ ಆಡಿಸುತ್ತಾ ಕುಳಿತೆ.

ಅವನಿಗೆ ಕುವೈತಿನಲ್ಲೇ ಒಬ್ಬ ಅಣ್ಣ ಇದ್ದ. ಜಗದೀಶ ಎಂದು, ಅಹ್ಮದಿಯಲ್ಲಿ ತೈಲ ಕಂಪನಿಯ ಕಾಂಟ್ರಾಕ್ಟರ್ ಹತ್ತಿರ ಟೆಕ್ನಿಶಿಯನ್. ತಮ್ಮನನ್ನು ಕುವೈತಿಗೆ ಕರೆಸಿಕೊಂಡವನು ಅವನೇ. ಲಿಪ್‌ಸ್ಟಿಕ್ ಹಾಕಿ ಕುಣಿಯುತ್ತಿದ್ದ ತಮ್ಮನ ವಿಡಿಯೋ ಯಾರದೋ ಫೋನಿನಲ್ಲಿ ನೋಡಿ, ಇನ್ನು ನನ್ನ ಮನೆಗೆ ಬರಬೇಡ ಎಂದಿದ್ದ. ಅದಾಗಿ ಎರಡು ವರ್ಷ. ಆಸ್ಪತ್ರೆಯಿಂದ ಫೋನ್ ಹೋದ ಮೇಲೂ ಅವನು ಬರಲು ಹಲವು ದಿನ ಹಿಡಿಯಿತು. ಬಂದವನು ಹಾಸಿಗೆಯ ಕಾಲ ಬುಡದಲ್ಲಿ ನಿಂತು ತಮ್ಮನನ್ನು ನೋಡಿದ. ಬಳಿಕ ಟೆಸ್ ಅವರನ್ನು ನೋಡಿದ.

“ಮೇಡಂ, ಇವರು ಯಾಕೆ ಇಲ್ಲಿ?”

“ಮಗ್ಗುಲು ಬದಲಿಸ್ಲಿಕ್ಕೆ,” ಎಂದೆ. “ಅದಕ್ಕೆ ನನ್ನ ಜೊತೆ ಇಬ್ಬರು ಬೇಕು. ಒಬ್ಬರು ನೀವು ಆಗ್ತೀರಾ?”

ನಾನು ತಲೆ ಮತ್ತು ಕತ್ತನ್ನು ಹಿಡಿದೆ. ಟೆಸ್ ಭುಜ ಮತ್ತು ಸೊಂಟಕ್ಕೆ ಕೈ ಕೊಟ್ಟರು. ಜಗದೀಶ ಎದುರು ಬದಿಯಲ್ಲಿ ನಿಂತು ಕೈ ಚಾಚಿದ, ಆದರೆ ಆ ಕೈ ತಮ್ಮನ ಮೈ ಮುಟ್ಟದೆ ಮಧ್ಯದಲ್ಲೇ ನಿಂತಿತು. ಸುಧೀರ ಅಣ್ಣನ ಮುಖ ನೋಡದೆ ಹೇಳಿದ:

“ಹಿಡಿ ಅಣ್ಣ. ನನಗೆ ನೋವು ಗೊತ್ತಾಗುದಿಲ್ಲ.”

ಜಗದೀಶ ಹಿಡಿದ. ಟೆಸ್ ಹಿಂದಿಯಲ್ಲಿ, “ಭಾಯಿ, ತೀನ್ ಬೋಲ್ನೇಪೆ,” ಎಂದರು. ಮೂರು ಎಣಿಸಿ ಎಲ್ಲರೂ ಒಟ್ಟಿಗೆ ತಿರುಗಿಸಿದೆವು. ಬೆನ್ನ ಹಿಂದೆ ಅಣ್ಣ ದಿಂಬು ಇಟ್ಟ. ಆ ದಿನ ಅವನು ಟೆಸ್ ಜೊತೆ ಒಂದು ಮಾತೂ ಆಡಲಿಲ್ಲ. ಮರುದಿನ ಡ್ಯೂಟಿ ಮುಗಿಸಿ ಮತ್ತೆ ಬಂದ.

ಮಣಿಕಟ್ಟು ಆಡುವ, ಬೆರಳು ಆಡದ ರೋಗಿಗಳಿಗೆ ನಾವು ಒಂದು ಉಪಾಯ ಕಲಿಸುತ್ತೇವೆ, ಟೆನೊಡೆಸಿಸ್ ಎಂದು. ಮಣಿಕಟ್ಟನ್ನು ಹಿಂದಕ್ಕೆ ಬಾಗಿಸಿದರೆ ಬೆರಳುಗಳು ತಾವಾಗಿ ಮಡಚಿಕೊಳ್ಳುತ್ತವೆ, ಇಳಿಬಿಟ್ಟರೆ ಬಿಚ್ಚಿಕೊಳ್ಳುತ್ತವೆ. ಲೋಟ ಹಿಡಿಯಲು, ಚಮಚ ಎತ್ತಲು ಅಷ್ಟು ಸಾಕಾಗುತ್ತದೆ. ಸುಧೀರನಿಗೆ ಲೋಟದಲ್ಲಿ ಆಸಕ್ತಿ ಇರಲಿಲ್ಲ. ಟೆಸ್ ಅದನ್ನು ನೋಡಿ ಫೋನಿನಲ್ಲಿ ಮೆಲ್ಲಗೆ ಒಂದು ತಾಳ ಹಾಕಿದರು. ವೋಗಿಂಗ್‌ನಲ್ಲಿ ಬರೀ ಕೈಗಳದ್ದೇ ಒಂದು ಸ್ಪರ್ಧೆ ಇದೆಯಂತೆ. ಸುಧೀರ ಕಣ್ಣು ಮುಚ್ಚಿ ಭುಜ ಎತ್ತಿದ, ಮೊಣಕೈ ಮಡಚಿದ, ಮಣಿಕಟ್ಟು ಬಾಗಿಸಿದ. ಬೆರಳುಗಳು ಮಡಚಿದವು, ಬಿಚ್ಚಿದವು. ಕತ್ತಿಗೆ ಗಟ್ಟಿ ಕಾಲರ್, ಗಾಲಿಕುರ್ಚಿಯಿಂದ ಜಾರದಂತೆ ಎದೆಗೆ ಪಟ್ಟಿ. ಅದರ ನಡುವೆ ಆ ಎರಡು ಕೈಗಳು ಮಾತ್ರ ಯಾವ ಪೆಟ್ಟೂ ಆಗದವನ ಕೈಗಳಂತೆ ಓಡಾಡಿದವು. ಒಂದು ನಿಮಿಷವೂ ಇರಲಿಕ್ಕಿಲ್ಲ. ದಣಿದು ಕೈಗಳು ತೊಡೆಯ ಮೇಲೆ ಬಿದ್ದವು. ಟೆಸ್ ಚಿಟಿಕೆ ಹಾಕಿದರು. ಆಮೇಲೆ ತಾನು ಚಿಟಿಕೆ ಹಾಕಿದ್ದೇ ತಪ್ಪಾಯಿತೇನೋ ಎಂಬಂತೆ ಕೈ ಹಿಂದಕ್ಕೆ ಎಳೆದುಕೊಂಡರು.

ಜಗದೀಶ ನಮ್ಮ ವಿಭಾಗದ ಜಿಮ್ಮಿನ ಬಾಗಿಲಲ್ಲಿ ನಿಂತಿದ್ದ. ಎಷ್ಟು ಹೊತ್ತಿನಿಂದ ನಿಂತಿದ್ದನೋ ಗೊತ್ತಿಲ್ಲ. ನಾನು ನೋಡಿದಾಗ ಮುಖ ತಿರುಗಿಸಿ ಕಾರಿಡಾರಿನ ಕಡೆ ಹೋದ.

ಜಗದೀಶ ತಮ್ಮನನ್ನು ಊರಿಗೆ ಕರೆದುಕೊಂಡು ಹೋಗುವುದೆಂದು ನಿಶ್ಚಯವಾಯಿತು. ತಾಯಿಗೆ ಬಾತ್‌ರೂಮಿನ ಕತೆಯನ್ನೇ ಹೇಳಿದ್ದರು. ಸುಧೀರನಿಗೆ ಹೋಗಲು ಮನಸ್ಸಿರಲಿಲ್ಲ. ಟೆಸ್ ಅವರಿಗೆ ಅವನನ್ನು ಇಟ್ಟುಕೊಳ್ಳುವ ದಾರಿ ಯಾವುದೂ ಇರಲಿಲ್ಲ. ಕಾಗದದಲ್ಲಿ ಅವರು ಅವನಿಗೆ ಏನೂ ಅಲ್ಲ. ಹೊರಡುವ ದಿನ ಹೌಸಿನ ಉಳಿದವರೆಲ್ಲ ಆಸ್ಪತ್ರೆಯ ಗೇಟಿನಾಚೆ, ಪಾರ್ಕಿಂಗಿನ ಬಿಸಿಲಲ್ಲಿ, ಒಬ್ಬರಿಗೊಬ್ಬರು ಪರಿಚಯವೇ ಇಲ್ಲದವರಂತೆ ದೂರದೂರ ನಿಂತಿದ್ದರು. ಆಂಬುಲೆನ್ಸಿಗೆ ಸ್ಟ್ರೆಚರ್ ಏರಿಸುವಾಗ ಟೆಸ್ ಅವನ ಹಣೆ ಒರೆಸಿದರು.

“ಮದರ್, ಊಟ ಮಾಡು,” ಎಂದ ಸುಧೀರ, ಇಂಗ್ಲಿಷಿನಲ್ಲಿ.

ಊರಿನಿಂದ ಅವನು ಆಗಾಗ ನನಗೆ ಧ್ವನಿ ಸಂದೇಶ ಕಳಿಸುತ್ತಿದ್ದ. ಮಣಿಕಟ್ಟಿನ ವ್ಯಾಯಾಮ ಮಾಡ್ತಾ ಇದ್ದೇನೆ, ಅಮ್ಮನ ಕೈಯಲ್ಲಿ ಗಂಜಿ ಊಟ, ಹೀಗೆ. ಧ್ವನಿ ದಿನದಿಂದ ದಿನಕ್ಕೆ ಸಣ್ಣದಾಯಿತು. ಹುರಿಗೆ ಪೆಟ್ಟಾದವರಿಗೆ ಕೆಮ್ಮಲು ಬಲವಿರುವುದಿಲ್ಲ, ಕಫ ಹೊರಗೆ ಬರುವುದಿಲ್ಲ. ಆ ಜುಲೈ ತಿಂಗಳಲ್ಲಿ ನ್ಯುಮೋನಿಯ ಹಿಡಿಯಿತು. ಮಂಗಳೂರಿನ ಆಸ್ಪತ್ರೆಗೆ ಸೇರಿಸಿದರು. ಅಲ್ಲಿಂದ ಅವನು ಮನೆಗೆ ಬರಲಿಲ್ಲ. ಟೆಸ್ ಅವರಿಗೆ ಫೋನ್ ಮಾಡಿ ಹೇಳಿದವಳು ನಾನು. ಹಿಂದೆ ಹೇರ್ ಡ್ರೈಯರಿನ ಸದ್ದು ಕೇಳುತ್ತಿತ್ತು. “ಓಕೆ ಮ್ಯಾಮ್, ಕಸ್ಟಮರ್ ಇದ್ದಾರೆ,” ಎಂದು ಫೋನ್ ಇಟ್ಟರು.

ಕೊನೆಯ ದಿನಗಳಿಗೆ ಊರಿಗೆ ಹೋಗಿದ್ದ ಜಗದೀಶ ಉತ್ತರಕ್ರಿಯೆ ಮುಗಿಸಿ ವಾಪಸು ಬಂದ. ಒಂದು ಸಂಜೆ ನನ್ನ ವಿಭಾಗಕ್ಕೆ ಬಂದು, “ಮೇಡಂ, ಅವರ ಮನೆ ಗೊತ್ತುಂಟಾ ನಿಮಗೆ?” ಎಂದು ಕೇಳಿದ. ಟೆಸ್ ಅವರನ್ನು ಕೇಳಿ, ಅವರು ಒಪ್ಪಿದ ಮೇಲೆ, ಶುಕ್ರವಾರ ಖೈತಾನಿಗೆ ಕರೆದುಕೊಂಡು ಹೋದೆ. ನಾವು ಬೆಲ್ ಒತ್ತಿದ ಮೇಲೆ ಬಹಳ ಹೊತ್ತು ಒಳಗಿನಿಂದ ಯಾವ ಸದ್ದೂ ಬರಲಿಲ್ಲ. ನಾನು ಹೆಸರು ಹೇಳಿದ ಮೇಲೆ ಬಾಗಿಲು ತೆರೆಯಿತು.

ಹಾಲಿನಲ್ಲಿ ಐದು ಜನ ಇದ್ದರು. ಕಿಟಕಿಯ ಕಂಬಳಿ ತೆಗೆದಿದ್ದರು, ಸುಧೀರ ಬಿದ್ದ ದಿನದ ನಂತರ ಅಲ್ಲಿ ಯಾರೂ ಕುಣಿದಿರಲಿಲ್ಲ. ಟೆಸ್ ಚಹಾ ಕೊಟ್ಟರು. ಜಗದೀಶ ಕೊನೆಯ ದಿನಗಳ ಬಗ್ಗೆ ಹರಕು ಮುರುಕು ಹಿಂದಿಯಲ್ಲಿ ಹೇಳಿದ. ಜ್ವರದಲ್ಲಿ ಅವನು ಮದರ್ ಎನ್ನುತ್ತಿದ್ದನಂತೆ. ಅಮ್ಮ ತನ್ನನ್ನೇ ಕರೆಯುತ್ತಿದ್ದಾನೆ ಎಂದುಕೊಂಡು ಪ್ರತಿ ಸಲವೂ ಓಗೊಟ್ಟರಂತೆ.

ಟೆಸ್ ಲೋಟ ಕೆಳಗಿಟ್ಟು ನನ್ನ ಕಡೆ ತಿರುಗಿದರು. “ಮ್ಯಾಮ್, ಒಂದು ಮಾತು. ನಾವು ಅವನನ್ನು ಕೈಕಾಲು ಹಿಡಿದು ಎತ್ತಿದೆವು. ಹಾಗೇ ಬಿಟ್ಟು ಆಂಬುಲೆನ್ಸಿಗೆ ಕಾದಿದ್ದರೆ ಅವನು ನಡೆಯುತ್ತಿದ್ದನಾ?”

ಅವರು ಇದನ್ನು ಎಂದಾದರೂ ಕೇಳುತ್ತಾರೆ ಎಂದು ನನಗೆ ಗೊತ್ತಿತ್ತು. ಬಿದ್ದ ಗಳಿಗೆಯಲ್ಲೇ ಹುರಿ ಜಜ್ಜಿಹೋಗಿರಬಹುದು. ಮೆಟ್ಟಿಲು ಇಳಿಸುವಾಗ ಅದು ಹೆಚ್ಚಾಗಿರಲೂಬಹುದು. ಯಾವ ಸ್ಕ್ಯಾನೂ ಅದನ್ನು ಬೇರೆ ಮಾಡಿ ತೋರಿಸುವುದಿಲ್ಲ. “ನನಗೆ ಗೊತ್ತಿಲ್ಲ,” ಎಂದೆ. “ಯಾವ ಡಾಕ್ಟರಿಗೂ ಗೊತ್ತಿಲ್ಲ.” ಇಲ್ಲ, ನಿಮ್ಮಿಂದ ಆದದ್ದಲ್ಲ ಎಂದು ಹೇಳಿಬಿಡಬಹುದಿತ್ತು. ನನ್ನ ಬಾಯಿಗೆ ಅದು ಬರಲಿಲ್ಲ.

ಟೆಸ್ ತಲೆ ಆಡಿಸಿದರು. ಆಗ ಜಗದೀಶ ನನ್ನ ಕಡೆ ನೋಡಿ ಕನ್ನಡದಲ್ಲೇ ಹೇಳಿದ, ನೀವು ಹೇಳಿ ಮೇಡಂ ಎಂಬಂತೆ:

“ಅವರು ಎತ್ತಿಕೊಂಡಾದ್ರೂ ಬಂದ್ರು. ಅಹ್ಮದಿಯಿಂದ ಇಲ್ಲಿಗೆ ಕಾರಲ್ಲಿ ಎಷ್ಟು ದೂರ ಉಂಟು? ನಾನು ಎರಡು ವರ್ಷ ಬರ್ಲಿಲ್ಲ.”

ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದೆ. ಇಥಿಯೋಪಿಯದ ಹುಡುಗಿ ಎದ್ದು ಅಡುಗೆಮನೆಗೆ ಹೋದಳು. ಟೆಸ್ ಅಳಲಿಲ್ಲ. ಜಗದೀಶನ ಮುಂದಿದ್ದ ಖಾಲಿ ಲೋಟಕ್ಕೆ ಮತ್ತೆ ಚಹಾ ಬಗ್ಗಿಸಿದರು. ಅವನು ಕುಡಿದ.

ಕತ್ತಿಗೆ ಪೆಟ್ಟಾದವರನ್ನು ಅಲುಗಾಡಿಸಬೇಡಿ ಎಂದು ನಾನು ಹೊಸ ನರ್ಸುಗಳಿಗೆ ವರ್ಷಗಟ್ಟಲೆ ಕಲಿಸಿದೆ. ಜನ ತಿಳಿವಳಿಕೆ ಇಲ್ಲದೆ ತಪ್ಪು ಮಾಡುತ್ತಾರೆ, ಹೇಳಿಕೊಟ್ಟರೆ ಸರಿಯಾಗುತ್ತದೆ ಎಂದುಕೊಂಡಿದ್ದೆ. ಆ ಮನೆಯವರಿಗೆ ಹೇಳಿಕೊಟ್ಟಿದ್ದರೂ ಅವರು ಅವತ್ತು ಅದನ್ನೇ ಮಾಡುತ್ತಿದ್ದರು. ಆಂಬುಲೆನ್ಸ್ ಕರೆಯಲು ಹೆದರುವವರಿಗೆ ಪ್ರಥಮ ಚಿಕಿತ್ಸೆಯ ಪಾಠದಿಂದ ಏನಾಗಬೇಕು? ಆಮೇಲೆ ನಾನು ಕಲಿಸುವಾಗ ಒಂದು ಮಾತು ಸೇರಿಸಿದೆ. ಹೇಗೆ ಬಿದ್ದದ್ದು ಎಂದು ಕೇಳಿದಾಗ ರೋಗಿ ಸುಳ್ಳು ಹೇಳಿದರೆ ಸಿಟ್ಟಾಗಬೇಡಿ. ಯಾರಿಗೋ ಹೆದರಿ ಹೇಳುತ್ತಿದ್ದಾನೆ ಎಂದು ತಿಳಿಯಿರಿ. ಆ ಯಾರೋ ನೀವಾಗದ ಹಾಗೆ ನೋಡಿಕೊಳ್ಳಿ.