ಸತ್ತ ರಾಜನಿಗೆ ಬಿದ್ದ ಏಟು

ಅರವತ್ತರ ದಶಕದ ಮೊದಲ ವರ್ಷಗಳು. ಗುಬ್ಬಿಯಲ್ಲಿ ಒಂಬತ್ತನೆಯ ಕ್ಲಾಸಿನಲ್ಲಿದ್ದ ನನಗೆ ಇನ್ನೂ ದನಿ ಒಡೆದಿರಲಿಲ್ಲ. ಆ ಒಂದೇ ತಪ್ಪಿಗೆ ಸ್ಕೂಲ್ ಡೇ ನಾಟಕದ ರಾಣಿಯ ಪಾತ್ರವನ್ನು ನನ್ನ ತಲೆಗೆ ಕಟ್ಟಿದರು. ರಾಜನಾದವನು ಕಡಬದಿಂದ ಬರುತ್ತಿದ್ದ ಎಸ್ಸೆಸ್ಸೆಲ್ಸಿ ಹುಡುಗ, ತೆಂಗಿನ ತೋಟದವರ ಮಗ. ಆಗಲೇ ಮೀಸೆ ಚಿಗುರಿತ್ತು. ಅದನ್ನು ಸವರಿಕೊಳ್ಳುವುದೇ ಅವನ ಓದು.

ಪ್ರಾಕ್ಟೀಸು ಶುರುವಾದ ವಾರವೇ ಅವನು ನನ್ನ ಹಣೆಗೆ ಕುಂಕುಮ ಬಳಿದು, ಕೈಗೊಂದು ತಟ್ಟೆ ಕೊಟ್ಟು, ಕ್ಲಾಸಿನಿಂದ ಕ್ಲಾಸಿಗೆ ಎಳೆದುಕೊಂಡು ಹೋದ. “ಹೆಣ್ ತೋರ್ಸಕ್ಕೆ ಕರ್ಕೊಂಡ್ ಬಂದಿದೀನಿ, ಒಪ್ಗೆನಾ ನೋಡ್ರಪ್ಪ!” ತಟ್ಟೆಯನ್ನು ಅವನ ಮುಖಕ್ಕೆ ಬೀಸುವ ಧೈರ್ಯ ಬರಲಿಲ್ಲ. ಅವನ ತೋಳು ನನ್ನ ತೊಡೆಯಷ್ಟಿತ್ತು. ಅವತ್ತಿನಿಂದ ನನ್ನನ್ನು ಗಂಡು ಹುಡುಗನೆಂದು ಯಾರೂ ಲೆಕ್ಕಕ್ಕಿಡಲಿಲ್ಲ. ಊರಿನ ಮುಂದೆ ಇವನ ಮರ್ಯಾದೆ ತೆಗೆಯಬೇಕು, ಇಲ್ಲದಿದ್ದರೆ ಸ್ಕೂಲು ಬಿಡಬೇಕು ಎಂದುಕೊಂಡೆ.

ಕೊನೆಯ ದೃಶ್ಯದಲ್ಲಿ ರಾಜ ಯುದ್ಧದಲ್ಲಿ ಸಾಯುತ್ತಾನೆ, ರಾಣಿ ಹಾಡುತ್ತ ಗೋಳಾಡುತ್ತಾಳೆ. ಪರದೆ ಬೀಳುವವರೆಗೆ ಹೆಣ ರೆಪ್ಪೆಯನ್ನೂ ಅಲುಗಿಸಬಾರದೆಂದು ನಾಟಕದ ಮೇಷ್ಟ್ರು ಬೆತ್ತ ಹಿಡಿದು ಕಲಿಸಿದ್ದರು. ನಮ್ಮೂರಿನವರೋ ಕಂಪನಿ ನಾಟಕ ನೋಡಿ ಬೆಳೆದ ಜನ. ಹಾಡು ಹಿಡಿಸಿದರೆ ‘ವನ್ಸ್ ಮೋರ್’ ಎಂದು ಕೂಗುತ್ತಾರೆ. ಕೂಗಿದರೆ ಮತ್ತೆ ಹಾಡಲೇಬೇಕು, ಅಲ್ಲಿಯವರೆಗೆ ಸತ್ತವನು ಸತ್ತೇ ಇರಬೇಕು.

ಸ್ಕೂಲ್ ಡೇ ಸಂಜೆ ಅವನ ಪಕ್ಕ ಕುಸಿದು ಕೂತು ಹಾಡಿದೆ. ರಾಣಿ ತನ್ನ ಎದೆ ಬಡಿದುಕೊಳ್ಳಬೇಕಿತ್ತು. ನಾನು ಅವನದನ್ನು ಬಡಿದೆ. “ಏಳಿ ಸ್ವಾಮಿ, ಏಳಿ” ಎಂದು ಕೆನ್ನೆಗೆ ಬಾರಿಸಿದೆ. ಬಳೆಗಳು ಪಟಪಟ ಒಡೆದವು. ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು, ಗಂಡಸರು ವನ್ಸ್ ಮೋರ್ ಎಂದರು. ಎರಡನೆಯ ಸಲ ಇನ್ನೂ ಜೋರಾಗಿ ಬಿಟ್ಟೆ. ಮೂರನೆಯ ಸಲ ಕೈ ಎತ್ತುತ್ತಿದ್ದ ಹಾಗೇ ಹೆಣ ಎದ್ದು ಕೂತು ಕೈಮುಗಿಯಿತು.

“ಸಾಕು ಬುಡ್ಲಾ, ನಿನ್ ದಮ್ಮಯ್ಯ!”

ಜನ ಬಿದ್ದು ಬಿದ್ದು ನಕ್ಕರು. ನನಗೆ ಹಬ್ಬದೂಟ ಉಂಡಷ್ಟು ಹೊಟ್ಟೆ ತುಂಬಿತು.

ಬಣ್ಣ ಹಚ್ಚುವ ಕೋಣೆಯಲ್ಲಿ ಅವನು ಬಿಕ್ಕಿ ಬಿಕ್ಕಿ ಅಳುತ್ತಿದ್ದ. “ನಮ್ಮಪ್ಪ ಮುಂದಿನ್ ಸಾಲಲ್ಲೇ ಕೂತಿದ್ರು ಕಣೋ” ಎಂದ.

ನನ್ನ ಅಪ್ಪ ಬಂದಿರಲಿಲ್ಲ. ಸೀರೆ ಉಟ್ಟ ಮಗನನ್ನು ನೋಡಿ ತಲೆ ತಗ್ಗಿಸಲಾರೆ ಎಂದು ಬೆಳಿಗ್ಗೆಯೇ ಕುಣಿಗಲ್ಲಿನ ಬಸ್ಸು ಹತ್ತಿದ್ದರು. ಆ ಹುಡುಗನ ಬಗ್ಗೆ ನನಗೆ ಅಯ್ಯೋ ಅನ್ನಿಸಲಿಲ್ಲ, ಇವತ್ತಿಗೂ ಅನ್ನಿಸಿಲ್ಲ. ಆದರೆ ಆ ಏಟುಗಳಲ್ಲಿ ಅರ್ಧದಷ್ಟು ನನ್ನ ಅಪ್ಪನಿಗೆ ಬೀಳಬೇಕಾದವು ಎಂಬುದನ್ನು ಮಾತ್ರ ಅವನಿಗೆ ಹೇಳಲಿಲ್ಲ.